ಯಾರ ಕಣ್ಣಿಗೂ ಬೀಳದ ಕತ್ತರಿ

ಯುವ ಮಿತ್ರರೇ, ನಿಮಗೊಂದು ಸಣ್ಣ ಪರೀಕ್ಷೆ. ನಿಮಗೆ ತುಂಬಾ ಹಿಡಿಸಿದ ಒಂದು ಸಿನಿಮಾವನ್ನು ನೆನಪು ಮಾಡಿಕೊಳ್ಳಿ. ನಾಯಕ, ನಾಯಕಿ, ನಿರ್ದೇಶಕ, ಸಂಗೀತ ನಿರ್ದೇಶಕ, ಇಷ್ಟೂ ಹೆಸರುಗಳು ನಾಲಿಗೆಯ ತುದಿಯಲ್ಲೇ ಇರುತ್ತವೆ. ಹಾಡಿದವರ ಹೆಸರೂ ಬಂದೀತು. ಈಗ ಸಂಕಲನಕಾರರು ಯಾರು, ಹೇಳಿ ನೋಡೋಣ? ಮಣಿರತ್ನಂ ಅವರ 'ಬಾಂಬೆ' ಚಿತ್ರವನ್ನು ಎರಡು ಮೂರು ಸಲ ನೋಡಿದವರಿಗೂ, ಅದರ ಸಂಕಲನಕ್ಕೆ 1995ನೇ ಸಾಲಿನ ರಾಷ್ಟ್ರಪ್ರಶಸ್ತಿ ಪಡೆದವರು ನಮ್ಮ ಸುರೇಶ್ ಅರಸ್ ಎಂಬುದು ಗೊತ್ತಿರಲಾರದು. ಇದರಲ್ಲಿ ನಾಚಿಕೊಳ್ಳುವಂಥದ್ದೇನೂ ಇಲ್ಲ. ಕೆಲಸ ಚೆನ್ನಾಗಿ ಆದಷ್ಟೂ ಕೆಲಸ ಮಾಡಿದವನು ಕಾಣದೆ ಹೋಗುವ ಕಸುಬು ಅದು.

ಅಂಥ ಕಸುಬಿನ ಒಬ್ಬರ ಕಥೆಯನ್ನು ಇಲ್ಲಿ ಹೇಳಬೇಕಾಗಿದೆ. ಊರು ಇಟಲಿಯ ರೋಮ್. ಹೆಸರು ನೀನೋ ಬರಾಲಿ. ಇಂಗ್ಲಿಷ್ ಅಕ್ಷರಗಳನ್ನು ನೋಡಿ 'ಬರಾಗ್ಲಿ' ಎನ್ನುವವರುಂಟು, ಇಟಲಿಯವರ ಬಾಯಲ್ಲಿ ಆ 'ಗ' ಕೇಳಿಸುವುದಿಲ್ಲ. ಕನ್ನಡದ ಕಿವಿಗಂತೂ 'ನೀನೋ?' ಎಂದು ಯಾರೋ ಅಚ್ಚರಿಯಿಂದ ಕೇಳಿದಂತಿರುವ ಹೆಸರು. ಈ ಮನುಷ್ಯನ ಮಟ್ಟಿಗೆ ಆ ಪ್ರಶ್ನೆ ಸರಿಯಾಗಿಯೇ ಇದೆ. 1925ರಲ್ಲಿ ಹುಟ್ಟಿ 2013ರಲ್ಲಿ ತೀರಿಕೊಂಡ ಬರಾಲಿ ಇನ್ನೂರಕ್ಕೂ ಹೆಚ್ಚು ಚಿತ್ರಗಳನ್ನು ಸಂಕಲನ ಮಾಡಿದರು. ಆ ಪಟ್ಟಿಯನ್ನು ಓದುತ್ತಾ ಹೋದರೆ ಹೆಜ್ಜೆಹೆಜ್ಜೆಗೂ ಬಾಯಿಗೆ ಬರುವ ಮಾತು ಅದೇ: ಇದನ್ನೂ ಮಾಡಿದವನು ನೀನೋ?

1966ನೇ ಇಸವಿಯೊಂದನ್ನೇ ತೆಗೆದುಕೊಳ್ಳಿ. ಆ ವರ್ಷ ಏಪ್ರಿಲ್‌ನಲ್ಲಿ ಸೆರ್ಜಿಯೊ ಕೊರ್ಬೂಚಿಯ 'ಜ್ಯಾಂಗೊ' ಬಿಡುಗಡೆಯಾಯಿತು. ಕೆಸರಿನಲ್ಲಿ ಶವಪೆಟ್ಟಿಗೆಯೊಂದನ್ನು ಎಳೆದುಕೊಂಡು ಬರುವ ಕೌಬಾಯಿಯ ಕಥೆ. ಪೆಟ್ಟಿಗೆಯೊಳಗೆ ಇರುವುದು ಹೆಣವಲ್ಲ, ಮೆಷಿನ್ ಗನ್. ಎಷ್ಟು ರಕ್ತ ಹರಿಯುತ್ತದೆಂದರೆ ಬ್ರಿಟನ್ನಿನಲ್ಲಿ 1993ರವರೆಗೂ ಅದಕ್ಕೆ ಪ್ರಮಾಣಪತ್ರವೇ ಸಿಗಲಿಲ್ಲ. ಟ್ಯಾರಂಟಿನೊ 2012ರಲ್ಲಿ 'ಜ್ಯಾಂಗೊ ಅನ್‌ಚೈನ್ಡ್' ಮಾಡಿದಾಗ ಹೆಸರನ್ನು ತೆಗೆದುಕೊಂಡದ್ದು ಇಲ್ಲಿಂದಲೇ. ಮರುತಿಂಗಳು, ಅಂದರೆ ಮೇನಲ್ಲಿ, ಪಿಯೆರ್ ಪಾವ್ಲೊ ಪಸೋಲಿನಿಯ 'ದಿ ಹಾಕ್ಸ್ ಅಂಡ್ ದಿ ಸ್ಪ್ಯಾರೋಸ್' ಬಂತು. ಅಪ್ಪ, ಮಗ ಮತ್ತು ರಾಜಕೀಯ ಮಾತಾಡುವ ಒಂದು ಕಾಗೆ ದಾರಿಯುದ್ದಕ್ಕೂ ನಡೆಯುತ್ತಾ ಹೋಗುವ ವಿಚಿತ್ರ ನೀತಿಕಥೆ. ಕೊನೆಗೆ ಅಪ್ಪ ಮಗ ಸೇರಿ ಕಾಗೆಯನ್ನೇ ತಿಂದುಬಿಡುತ್ತಾರೆ! ಡಿಸೆಂಬರ್‌ನಲ್ಲಿ ಸೆರ್ಜಿಯೊ ಲಿಯೋನೆಯ 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ'. ಇದರ ಸೀಟಿಯ ರಾಗ ಗೊತ್ತಿಲ್ಲದವರು ನಿಮ್ಮಲ್ಲಿ ಯಾರೂ ಇರಲಾರರು, ಚಿತ್ರ ನೋಡಿರದಿದ್ದರೂ ಸರಿ.

ಪೇಟೆಯ ಹುಡುಗರು ಸಿಳ್ಳೆ ಹೊಡೆಯುವ ಒಂದು ಚಿತ್ರ, ವಿದ್ವಾಂಸರು ತಲೆ ಕೆರೆದುಕೊಳ್ಳುವ ಒಂದು ಚಿತ್ರ, ಜಗತ್ತೇ ನೆನಪಿಟ್ಟುಕೊಂಡ ಒಂದು ಚಿತ್ರ. ಮೂರಕ್ಕೂ ಒಂದೇ ಕೈಯ ಕತ್ತರಿ. ಮೊದಲನೆಯದರಲ್ಲಿ ಸೆರ್ಜಿಯೊ ಮೊಂತಾನಾರಿ, ಮೂರನೆಯದರಲ್ಲಿ ಎವ್ಜೇನಿಯೊ ಅಲಬೀಜೊ ಜೊತೆಗಿದ್ದರು ಎಂಬುದನ್ನೂ ಹೇಳಿಬಿಡಬೇಕು. ಕಾಣದ ಕೈಗಳ ಬಗ್ಗೆ ಬರೆಯುವಾಗಲೇ ಇನ್ನಿಬ್ಬರನ್ನು ಮರೆಯಬಾರದಲ್ಲ.

ಒಂದು ಮೋಜಿನ ಸಂಗತಿಯೂ ಇದೆ. ಆ ಕಾಗೆಯ ಚಿತ್ರದ ಆರಂಭದಲ್ಲಿ ಹೆಸರುಗಳನ್ನು ಬರೀ ತೋರಿಸುವುದಿಲ್ಲ, ಹಾಡಿಯೇ ಹೇಳುತ್ತಾರೆ. ಸಂಗೀತ ಎನ್ನಿಯೊ ಮೊರಿಕೋನೆಯದು, ಹಾಡಿದ್ದು ಆ ಕಾಲದ ಜನಪ್ರಿಯ ಗಾಯಕ ಡೊಮೆನಿಕೊ ಮೊದುನ್ಯೊ. ತಂತ್ರಜ್ಞರನ್ನೂ ಹಾಡಿಗೆ ಸೇರಿಸಿಕೊಂಡಿದ್ದಾರೆ, ಬರಾಲಿಯ ಹೆಸರೂ ಅದರಲ್ಲಿ ಬಂದುಹೋಗುತ್ತದೆ. ಸಂಕಲನಕಾರನಿಗೆ ಇಂಥ ಮರ್ಯಾದೆ ಸಿಕ್ಕಿದ್ದನ್ನು ನಾನು ಬೇರೆಲ್ಲೂ ನೋಡಿಲ್ಲ.

ಸಂಕಲನವೆಂದರೆ ಬೇಡದ್ದನ್ನು ಕತ್ತರಿಸಿ ಎಸೆಯುವುದು ಎಂದುಕೊಂಡವರೇ ಹೆಚ್ಚು. ಸಂಘದ ವಾರ್ಷಿಕೋತ್ಸವದ ವಿಡಿಯೊವನ್ನು ಮೊಬೈಲಿನಲ್ಲೇ ಕತ್ತರಿಸಿ ಅಂಟಿಸಿ ಹಾಡು ಸೇರಿಸಿ ರಾತ್ರೋರಾತ್ರಿ ಎಲ್ಲರಿಗೂ ಕಳಿಸಿಬಿಡುವ ನಿಮಗೆ ಆ ಕಾಲದ ಕೆಲಸದ ಅಂದಾಜು ಸಿಗಬೇಕಾದರೆ ಸ್ವಲ್ಪ ಲೆಕ್ಕ ಹೇಳಬೇಕು. 35 ಮಿಲಿಮೀಟರ್ ಫಿಲಂ ಒಂದು ಸೆಕೆಂಡಿಗೆ 24 ಚೌಕಟ್ಟು, ಒಂದು ನಿಮಿಷಕ್ಕೆ 90 ಅಡಿ ಓಡುತ್ತದೆ. ಮೂರು ಗಂಟೆಯ ಚಿತ್ರವೆಂದರೆ ಹದಿನಾರು ಸಾವಿರ ಅಡಿ, ಸುಮಾರು ಐದು ಕಿಲೋಮೀಟರ್. ಅದು ಸಿದ್ಧವಾದ ಚಿತ್ರದ ಉದ್ದ. ಚಿತ್ರೀಕರಿಸಿ ತಂದ ಫಿಲಂ ಅದರ ಎಷ್ಟೋ ಪಟ್ಟು. ಅಷ್ಟನ್ನೂ ಮೂವಿಯೊಲಾ ಯಂತ್ರದ ಮೇಲೆ ಹಿಂದಕ್ಕೆ ಮುಂದಕ್ಕೆ ಓಡಿಸಿ, ಗುರುತು ಹಾಕಿ, ಕತ್ತರಿಸಿ, ತುಂಡುಗಳನ್ನು ಬಟ್ಟೆ ಒಣಹಾಕಿದಂತೆ ಸಾಲಾಗಿ ನೇತುಹಾಕಿ, ಬೇಕಾದದ್ದನ್ನು ಹುಡುಕಿ ಜೋಡಿಸಬೇಕು. ಹಿಂದೆ ಅಂಟುದ್ರವ ಹಚ್ಚಿ ಜೋಡಿಸುತ್ತಿದ್ದರು. ಹಾಗೆ ಅಂಟಿಸಿದ್ದನ್ನು ಬಿಚ್ಚಿ ಮತ್ತೆ ಜೋಡಿಸಿದರೆ ತುದಿಯ ಚೌಕಟ್ಟು ಹಾಳಾಗಿಬಿಡುತ್ತಿತ್ತು. ಮನಸ್ಸು ಬದಲಾಯಿಸಿದರೆ ದಂಡ ಕಟ್ಟಿದಂತೆಯೇ!

ಈ ದಂಡವನ್ನು ತಪ್ಪಿಸಿದವನೂ ರೋಮಿನ ಒಬ್ಬ ಸಂಕಲನಕಾರನೇ. ಫೆಲಿನಿಯ 'ಲಾ ದೋಲ್ಚೆ ವೀತಾ', 'ಎಂಟೂವರೆ' ಚಿತ್ರಗಳನ್ನು ಸಂಕಲಿಸಿದ ಲಿಯೊ ಕತೊತ್ಸೊ ಒಂದು ಪುಟ್ಟ ಒತ್ತುಯಂತ್ರ ಮಾಡಿದ. ಎರಡು ತುಂಡುಗಳನ್ನು ಎದುರುಬದುರು ಇಟ್ಟು ಮೇಲೆ ಪಾರದರ್ಶಕ ಟೇಪು ಒತ್ತಿದರೆ ಆಯಿತು, ಅದೇ ಏಟಿಗೆ ಟೇಪಿನಲ್ಲಿ ರಂಧ್ರಗಳೂ ಬೀಳುತ್ತವೆ. ಬೇಡವೆನಿಸಿದರೆ ಟೇಪು ಕಿತ್ತು ಮತ್ತೆ ಹಾಕಬಹುದು, ಒಂದು ಚೌಕಟ್ಟೂ ನಷ್ಟವಿಲ್ಲ. ಮುಂದೆ ಲೋಕದ ಸಂಕಲನ ಕೊಠಡಿಗಳಿಗೆಲ್ಲ ಅದು ಹೋಯಿತು. ಇವತ್ತು ನೀವು ಬೆರಳ ತುದಿಯಲ್ಲಿ ಒತ್ತುವ 'ಅನ್‌ಡೂ' ಗುಂಡಿಯ ಮುತ್ತಜ್ಜ ಎನ್ನಬಹುದು.

ಇನ್ನೊಂದು ವಿಶೇಷ. ಇಟಲಿಯಲ್ಲಿ ಆಗ ಚಿತ್ರೀಕರಣದ ಜಾಗದಲ್ಲಿ ಧ್ವನಿಯನ್ನು ಕೊನೆಯ ಚಿತ್ರಕ್ಕಾಗಿ ಮುದ್ರಿಸುವ ರೂಢಿ ಇರಲಿಲ್ಲ. ಮಾತೆಲ್ಲ ಆಮೇಲೆ ಡಬ್ಬಿಂಗ್‌ನಲ್ಲಿ. ಕ್ಲಿಂಟ್ ಈಸ್ಟ್‌ವುಡ್ ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದರೆ ಎದುರಿಗಿದ್ದವರು ಇಟಾಲಿಯನ್ನಿನಲ್ಲೋ ಸ್ಪ್ಯಾನಿಶ್‌ನಲ್ಲೋ ಉತ್ತರ ಕೊಡುತ್ತಿದ್ದರು. ಮುಂಬಯಿಯ ಚಾಳಿನಲ್ಲಿ ಬೆಳೆದ ನಮಗೆ ಇದೇನೂ ಹೊಸತಲ್ಲ ಬಿಡಿ! ಸಂಕಲನಕಾರನ ಮೇಜಿಗೆ ಬರುತ್ತಿದ್ದದ್ದು ಬಾಯಿ ಆಡಿಸುವ ಮುಖಗಳು ಮಾತ್ರ. ಹಾಗಾಗಿ ಮಾತಿನ ಹಂಗಿಲ್ಲದೆ ಮುಖವನ್ನೇ ಓದುವುದನ್ನು ಅವನು ಕಲಿಯಬೇಕಾಯಿತು. ಬರಾಲಿಯ ಹೆಚ್ಚುಗಾರಿಕೆ ಇರುವುದು ಇಲ್ಲಿಯೇ ಎಂದು ನನ್ನ ಅಭಿಪ್ರಾಯ. ಒಂದು ಮುಖದ ಮೇಲೆ ಎಷ್ಟು ಹೊತ್ತು ನಿಲ್ಲಬೇಕು, ಯಾವ ಗಳಿಗೆಯಲ್ಲಿ ಬಿಟ್ಟು ಹೊರಡಬೇಕು ಎಂಬುದು ಅವರಿಗೆ ಗೊತ್ತಿತ್ತು.

ಅದನ್ನು ನೋಡಬೇಕಾದರೆ ಮೊದಲು ಪಸೋಲಿನಿಯ ಹತ್ತಿರ ಹೋಗಬೇಕು. ಪಸೋಲಿನಿ ಕವಿ, ಕಾದಂಬರಿಕಾರ. ಮಾವ್ರೊ ಬೊಲೊನ್ಯೀನಿ ಎಂಬ ನಿರ್ದೇಶಕರಿಗೆ ಚಿತ್ರಕಥೆ ಬರೆಯುತ್ತಿದ್ದಾಗ ಆ ಚಿತ್ರಗಳ ಸಂಕಲನಕಾರ ಬರಾಲಿ. 1961ರಲ್ಲಿ ಪಸೋಲಿನಿ ತಾನೇ 'ಅಕತ್ತೋನೆ' ಎಂಬ ಮೊದಲ ಚಿತ್ರ ನಿರ್ದೇಶಿಸಿದಾಗ ಆ ಫಿಲಂ ಬಂದದ್ದೂ ಬರಾಲಿಯ ಮೇಜಿಗೇ. ರೋಮಿನ ಹೊರವಲಯದ ಕೊಂಪೆಗಳಲ್ಲಿ ಬದುಕುವವರ ಕಥೆ, ನಟಿಸಿದವರಲ್ಲಿ ಹೆಚ್ಚಿನವರು ಅಲ್ಲಿಯವರೇ. ನಿರ್ದೇಶಕನಿಗೆ ಕ್ಯಾಮೆರಾ ಹೊಸತು. ನುರಿತ ಸಂಕಲನಕಾರ ಬಯಸಿದ್ದರೆ ಅದನ್ನು ತಿದ್ದಿ ತೀಡಿ ನುಣುಪು ಮಾಡಿಬಿಡಬಹುದಿತ್ತು. ಚಿತ್ರ ನೋಡಿದರೆ ಹಾಗೆ ಮಾಡಿದ್ದು ಕಾಣುವುದಿಲ್ಲ. ಒರಟುತನ ಉಳಿದಿದೆ, ಮುಖಗಳು ನಮ್ಮನ್ನೇ ದಿಟ್ಟಿಸುತ್ತಾ ನಿಂತಿವೆ. ಇನ್ನೊಬ್ಬನ ದನಿಯನ್ನು ಕೆಡಿಸದೆ ಉಳಿಸುವುದೂ ಒಂದು ವಿದ್ಯೆಯೇ ಅಲ್ಲವೇ?

1964ರ 'ದಿ ಗಾಸ್ಪೆಲ್ ಅಕಾರ್ಡಿಂಗ್ ಟು ಸೇಂಟ್ ಮ್ಯಾಥ್ಯೂ' ಚಿತ್ರದ ಮೊದಲ ಕೆಲವು ನಿಮಿಷಗಳನ್ನು ಎಲ್ಲಾದರೂ ಹುಡುಕಿ ನೋಡಿ. ಬಸುರಿ ಮೇರಿಯ ಮುಖ. ಜೋಸೆಫನ ಮುಖ. ಮತ್ತೆ ಅವಳು, ಮತ್ತೆ ಅವನು. ಒಂದು ಮಾತೂ ಇಲ್ಲ. ಆಮೇಲೆ ಅವನು ಬೆನ್ನು ತಿರುಗಿಸಿ ಹೊರಟುಹೋಗುತ್ತಾನೆ. ಒಂದು ಹೆಣ್ಣಿನ ಅಳುಕು, ಒಂದು ಗಂಡಿನ ಸಂಶಯ, ಎರಡೂ ನಮಗೆ ತಿಳಿದುಬಿಡುತ್ತವೆ. ಸಂಭಾಷಣೆ ಬರೆದಿದ್ದರೆ ಎರಡು ಪುಟ ಬೇಕಾಗುತ್ತಿತ್ತೋ ಏನೋ.

ಈಗ ಲಿಯೋನೆಯ ಕಡೆ ಬರೋಣ. ಅಮೆರಿಕದ ಕೌಬಾಯ್ ಕಥೆಗಳನ್ನು ಇಟಲಿಯವರು ಸ್ಪೇನಿನ ಬಯಲುಗಳಲ್ಲಿ ಚಿತ್ರೀಕರಿಸಿ ಲೋಕಕ್ಕೆಲ್ಲ ಮಾರುತ್ತಿದ್ದ ಕಾಲವದು. 'ಸ್ಪಘೆಟ್ಟಿ ವೆಸ್ಟರ್ನ್' ಎಂದು ಹಾಸ್ಯ ಮಾಡುತ್ತಿದ್ದರು. ನಮ್ಮ ಕಡೆಯವರಾಗಿದ್ದರೆ ಶ್ಯಾವಿಗೆ ಕೌಬಾಯ್ ಎನ್ನುತ್ತಿದ್ದರೇನೋ. ಇಟಲಿಯ ಹೆಸರು ಕಂಡರೆ ಜನ ಬರಲಾರರೆಂದು 1964ರ 'ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್' ಚಿತ್ರದಲ್ಲಿ ಲಿಯೋನೆ 'ಬಾಬ್ ರಾಬರ್ಟ್‌ಸನ್' ಆದ, ಮೊರಿಕೋನೆ 'ಡ್ಯಾನ್ ಸಾವಿಯೊ' ಆದ. ಅದರ ಸಂಕಲನಕಾರ ರೊಬೆರ್ತೊ ಚಿಂಕ್ವೀನಿ ಕೂಡ 'ಬಾಬ್ ಕ್ವಿಂಟಲ್' ಎಂಬ ವೇಷ ಹಾಕಬೇಕಾಯಿತು. ಮೊದಲೇ ಯಾರೂ ಓದದ ಹೆಸರು, ಅದಕ್ಕೂ ಸುಳ್ಳು ಮೀಸೆ!

ಎರಡು ವರ್ಷದ ಬಳಿಕ ಬಂದ 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ'ಯ ಹೊತ್ತಿಗೆ ಯಾರೂ ವೇಷ ಹಾಕುವ ಅಗತ್ಯ ಇರಲಿಲ್ಲ. ಅದರ ಕೊನೆಯ ಭಾಗ ಸ್ಪೇನಿನ ಬುರ್ಗೊಸ್ ಪ್ರಾಂತದ ಒಂದು ಕಣಿವೆಯಲ್ಲಿ ನಡೆದದ್ದು. ಸ್ಪೇನಿನ ಸೈನಿಕರು ಅಲ್ಲಿ ಸುಮಾರು ಐದು ಸಾವಿರ ಸುಳ್ಳು ಸಮಾಧಿಗಳ ಸ್ಮಶಾನ ಕಟ್ಟಿಕೊಟ್ಟರು. ಚಿತ್ರ ಮುಗಿದ ಮೇಲೆ ಹುಲ್ಲು ಬೆಳೆದು ಮುಚ್ಚಿಹೋಗಿದ್ದ ಆ ಜಾಗವನ್ನು 2015ರಿಂದ ಊರಿನವರೂ ಅಭಿಮಾನಿಗಳೂ ಸೇರಿ ಗುದ್ದಲಿ ಹಿಡಿದು ಮತ್ತೆ ಬಿಡಿಸಿದ್ದಾರೆ. ಹೂತಿಟ್ಟ ಚಿನ್ನಕ್ಕಾಗಿ ಟೂಕೊ ಸಮಾಧಿಯಿಂದ ಸಮಾಧಿಗೆ ಓಡುವ ದೃಶ್ಯ ಮೊದಲು ಬರುತ್ತದೆ. ಓಟದ ಜೊತೆಗೆ ಮೊರಿಕೋನೆಯ ಸಂಗೀತ ಏರುತ್ತದೆ, ತುಂಡುಗಳು ಗಿಡ್ಡವಾಗುತ್ತವೆ, ಕೊನೆಗೆ ಶಿಲುಬೆಗಳೆಲ್ಲ ಕಲಸಿ ಗೆರೆಗಳಾಗಿಬಿಡುತ್ತವೆ. ಅದಾದ ಮೇಲೆ ಮೂವರು ವೃತ್ತದಲ್ಲಿ ನಿಲ್ಲುತ್ತಾರೆ. ಯಾರು ಮೊದಲು ಪಿಸ್ತೂಲು ತೆಗೆಯುತ್ತಾರೆ? ಸುಮಾರು ಐದು ನಿಮಿಷ ಏನೂ ನಡೆಯುವುದಿಲ್ಲ. ಮೊದಲು ದೂರದಿಂದ ಮೂರು ಚುಕ್ಕೆಗಳಂತೆ ಆಳುಗಳು. ಆಮೇಲೆ ಸೊಂಟ, ಕೈ. ಆಮೇಲೆ ಮುಖ. ಆಮೇಲೆ ಕಣ್ಣು ಮಾತ್ರ. ಒಂದೊಂದು ಸುತ್ತಿಗೂ ತುಂಡು ಚಿಕ್ಕದಾಗುತ್ತದೆ, ಯಕ್ಷಗಾನದಲ್ಲಿ ಚೆಂಡೆಯ ಪೆಟ್ಟು ದಟ್ಟವಾಗುತ್ತಾ ಬಂದ ಹಾಗೆ. ಗುಂಡು ಹಾರುವಷ್ಟರಲ್ಲಿ ನಾವು ಉಸಿರು ಹಿಡಿದು ಕೂತಿರುತ್ತೇವೆ. ಇದರಲ್ಲಿ ಲಿಯೋನೆಯ ಕಲ್ಪನೆ ಎಷ್ಟು, ಮೊರಿಕೋನೆಯ ಪಾಲೆಷ್ಟು, ಸಂಕಲನಕಾರರ ಕೈ ಎಷ್ಟು ಎಂದು ಬೇರ್ಪಡಿಸಲು ಹಾಲು ನೀರು ಬೇರೆ ಮಾಡುವ ಹಂಸವೇ ಬರಬೇಕು. ಆದರೆ ಒಂದು ಚೌಕಟ್ಟು ಹೆಚ್ಚಾದರೆ ಬೇಸರ, ಒಂದು ಕಡಿಮೆಯಾದರೆ ಗಡಿಬಿಡಿ ಎಂಬ ಆ ಗೆರೆಯ ಮೇಲೆ ನಡೆದದ್ದು ಮೂವಿಯೊಲಾದ ಮುಂದೆ ಎಂಬುದರಲ್ಲಿ ಸಂಶಯವಿಲ್ಲ.

1968ರ 'ವನ್ಸ್ ಅಪಾನ್ ಎ ಟೈಮ್ ಇನ್ ದಿ ವೆಸ್ಟ್'ನಲ್ಲಿ ಬರಾಲಿ ಇನ್ನೂ ಮುಂದೆ ಹೋದರು. ರೈಲಿಗಾಗಿ ಕಾಯುವ ಮೂವರು ಕೊಲೆಗಡುಕರು. ಸಂಗೀತವಿಲ್ಲ. ಗಾಳಿಯಂತ್ರದ ಕಿರಗುಟ್ಟುವಿಕೆ, ಒಬ್ಬನ ಟೋಪಿಯ ಮೇಲೆ ತೊಟ್ಟಿಕ್ಕುವ ನೀರು, ಇನ್ನೊಬ್ಬನ ಗಡ್ಡದ ಮೇಲೆ ಓಡಾಡುವ ನೊಣ. ಅವಸರದವರು ಎದ್ದುಹೋಗಲಿ ಎಂದು ಹಟಕ್ಕೆ ಬಿದ್ದಂತಿದೆ.

ಅದೇ ಚಿತ್ರದ ಇನ್ನೊಂದು ದೃಶ್ಯವನ್ನು, ನೀವು ಅದನ್ನು ನೋಡಿರದಿದ್ದರೂ, ಒಂದು ರೀತಿಯಲ್ಲಿ ನೋಡಿದ್ದೀರಿ. ಒಂಟಿ ಮನೆಯ ಅಂಗಳದಲ್ಲಿ ಒಂದು ಸಂಸಾರ ಹಬ್ಬದಡುಗೆಗೆ ಮೇಜು ಸಜ್ಜು ಮಾಡುತ್ತಿದೆ. ಪೊದೆಗಳಲ್ಲಿ ಜೀರುಂಡೆಗಳ ಸದ್ದು. ಇದ್ದಕ್ಕಿದ್ದಂತೆ ಆ ಸದ್ದು ನಿಲ್ಲುತ್ತದೆ. ಗುಂಡುಗಳು ಹಾರುತ್ತವೆ, ಒಬ್ಬೊಬ್ಬರೇ ಬೀಳುತ್ತಾರೆ. ಕೊನೆಗೆ ಉಳಿದ ಪುಟ್ಟ ಹುಡುಗನ ಕಡೆ ಖಳನಾಯಕ ಪಿಸ್ತೂಲು ಗುರಿಯಿಡುತ್ತಾನೆ. ಗುಂಡಿನ ಸದ್ದಿನ ಬೆನ್ನಿಗೇ ರೈಲಿನ ಚೀತ್ಕಾರ. ಹುಡುಗ ಬಿದ್ದದ್ದನ್ನು ತೋರಿಸುವುದಿಲ್ಲ.

ಈಗ 'ಶೋಲೆ' ನೆನಪಾಯಿತೇ? ಠಾಕೂರರ ಮನೆಯಂಗಳ, ಕಿರಗುಟ್ಟುವ ಜೋಕಾಲಿ, ಗುಂಡು ತಗುಲಿ ಬೀಳುವವರ ಬಿಂಬ ಒಂದು ಕ್ಷಣ ಕಲ್ಲಾಗಿ ನಿಲ್ಲುವುದು, ಕೊನೆಯ ಮಗುವಿನ ಮುಂದೆ ಗಬ್ಬರ್, ಬಳಿಕ ರೈಲು. ರಮೇಶ್ ಸಿಪ್ಪಿಯವರ ಆ ಚಿತ್ರದ ಮೇಲೆ ಲಿಯೋನೆಯ ನೆರಳು ಬಿದ್ದಿರುವುದು ಎಲ್ಲರೂ ಒಪ್ಪುವ ಮಾತು. ಆ ರಾಮಗಢ ನಮ್ಮ ಬೆಂಗಳೂರಿನ ಪಕ್ಕದ ರಾಮನಗರದ ಬಂಡೆಗಳ ನಡುವೆ ಕಟ್ಟಿದ್ದು ಎಂದು ನಿಮಗೆ ಅಪ್ಪ ಅಮ್ಮ ಊರಿಗೆ ಹೋಗುವಾಗಲೆಲ್ಲ ರೈಲಿನ ಕಿಟಕಿಯಿಂದ ತೋರಿಸಿರಬಹುದು. ಅಲ್ಲಿನ ಚಿತ್ರೀಕರಣವನ್ನು ಮುಂಬಯಿಯಲ್ಲಿ ಕೂತು 204 ನಿಮಿಷದ ಚಿತ್ರವಾಗಿ ಜೋಡಿಸಿದವರು ಎಂ. ಎಸ್. ಶಿಂಧೆ. 'ಸೀತಾ ಔರ್ ಗೀತಾ', 'ಶಾನ್' ಚಿತ್ರಗಳ ಸಂಕಲನವೂ ಅವರದೇ. 'ಶೋಲೆ'ಗೆ ಆಗ ಬಂದ ಫಿಲಂಫೇರ್ ಪ್ರಶಸ್ತಿ ಒಂದೇ ಒಂದು. ಅಮಿತಾಭ್‌ಗಲ್ಲ, ಅಮ್ಜದ್ ಖಾನ್‌ಗಲ್ಲ, ಸಂಕಲನಕ್ಕೆ. ಅಂಥ ಶಿಂಧೆಯವರು ಕೊನೆಯ ದಿನಗಳನ್ನು ಕಳೆದದ್ದು ಧಾರಾವಿಯ ಒಂದು ಪುಟ್ಟ ಕೋಣೆಯಲ್ಲಿ. 2012ರಲ್ಲಿ ಅವರು ತೀರಿಕೊಂಡರು. ಮಾಟುಂಗಾದಿಂದ, ಸಯನ್‌ನಿಂದ ನಡೆದುಹೋಗುವಷ್ಟು ದೂರ. ಬರೆಯುವಾಗ ಈ ಒಂದು ಸಾಲು ನನಗೆ ಸುಲಭವಾಗಿ ಕೈಗೆ ಬರಲಿಲ್ಲ.

ಬರಾಲಿಯ ಮುಪ್ಪು ಹಾಗಾಗಲಿಲ್ಲ. 1990ರಲ್ಲಿ ಫೆಲಿನಿಯ ಕೊನೆಯ ಚಿತ್ರ 'ಲಾ ವೋಚೆ ದೆಲ್ಲಾ ಲೂನಾ', 1991ರಲ್ಲಿ ಸಾಲ್ವತೋರೆಸ್‌ನ 'ಮೆಡಿಟೆರೇನಿಯೊ', ಎರಡರ ಸಂಕಲನಕ್ಕೂ ಇಟಲಿಯ ದೊಡ್ಡ ಪ್ರಶಸ್ತಿ ದಾವಿದ್ ದಿ ದೊನತೆಲ್ಲೊ ಬಂತು. ಎರಡನೆಯ ಚಿತ್ರ ಪರಭಾಷಾ ವಿಭಾಗದ ಆಸ್ಕರ್ ಕೂಡ ಗೆದ್ದಿತು. ಅವರಿಗೆ ಬಿದ್ದ ಪೆಟ್ಟು ಬೇರೆ ಥರದ್ದು.

ಲಿಯೋನೆಯ ಕೊನೆಯ ಚಿತ್ರ 'ವನ್ಸ್ ಅಪಾನ್ ಎ ಟೈಮ್ ಇನ್ ಅಮೆರಿಕ'. ನ್ಯೂಯಾರ್ಕಿನ ಯಹೂದಿ ಪುಂಡರ ಬಾಲ್ಯ, ಯೌವನ, ಮುಪ್ಪು ಮೂರನ್ನೂ ಹೆಣೆದ ಕಥೆ. ಗಂಟೆಗಟ್ಟಲೆ ಫಿಲಂ ಇತ್ತು. ಎರಡು ಚಿತ್ರಗಳಾಗಿ ಬಿಡಬೇಕೆಂದು ಲಿಯೋನೆಯ ಆಸೆ. ನಿರ್ಮಾಪಕರು ಒಪ್ಪಲಿಲ್ಲ. ಬರಾಲಿ ಮತ್ತು ಲಿಯೋನೆ ಕೂಡಿ ಅದನ್ನು 269 ನಿಮಿಷಕ್ಕೆ, ಆಮೇಲೆ 229 ನಿಮಿಷಕ್ಕೆ ಇಳಿಸಿದರು. ಇಳಿಸಿದರೂ ಹೆಣಿಗೆ ಬಿಚ್ಚಲಿಲ್ಲ. ಅಫೀಮು ಸೇದುತ್ತಾ ಮಲಗಿದವನ ತಲೆಯೊಳಗೆ ಒಂದು ಟೆಲಿಫೋನ್ ಗಂಟೆ ಬಾರಿಸತೊಡಗುತ್ತದೆ. ಮಳೆಯ ಬೀದಿ, ಹೆಣಗಳು, ಪಾನೀಯ ಹಂಚುವ ಪಾರ್ಟಿ, ಎಲ್ಲದರ ಮೇಲೂ ಅದೇ ಗಂಟೆ. ಯಾರೋ ಫೋನ್ ಎತ್ತಿದರೂ ಅದು ನಿಲ್ಲುವುದಿಲ್ಲ! ಕೊನೆಗೆ ಒಂದು ಕೈ ಪೊಲೀಸರ ಸಂಖ್ಯೆ ತಿರುಗಿಸಿದಾಗ ಆ ಗಂಟೆ ಅವನ ಪಾಪಪ್ರಜ್ಞೆಯದು ಎಂದು ನಮಗೆ ಗೊತ್ತಾಗುತ್ತದೆ. ಕಾಲವನ್ನು ಹಿಂದಕ್ಕೂ ಮುಂದಕ್ಕೂ ಸರಿಸಿ ಜೋಡಿಸಿದರೆ ಮಾತ್ರ ಆಗುವ ಕೆಲಸ ಅದು.

1984ರ ಮೇನಲ್ಲಿ ಕಾನ್ ಉತ್ಸವದಲ್ಲಿ 229 ನಿಮಿಷದ ಚಿತ್ರ ಪ್ರದರ್ಶನವಾಯಿತು. ಮುಂದಿನ ತಿಂಗಳು ಅಮೆರಿಕದಲ್ಲಿ ಬಿಡುಗಡೆಯಾದದ್ದು 139 ನಿಮಿಷದ್ದು. ಒಂದೂವರೆ ಗಂಟೆ ಮಾಯ. ಅಷ್ಟೇ ಆಗಿದ್ದರೆ ಹೇಗೋ ಸಹಿಸಬಹುದಿತ್ತು. ಅಮೆರಿಕದ ಜನಕ್ಕೆ ಗೊಂದಲವಾದೀತೆಂದು ವಿತರಕರು ಹಿಂದೆ ಮುಂದೆ ಹೆಣೆದಿದ್ದ ಕಾಲವನ್ನೆಲ್ಲ ಬಿಚ್ಚಿ, ಬಾಲ್ಯದಿಂದ ಮುಪ್ಪಿನವರೆಗೆ ನೇರ ಸಾಲಿನಲ್ಲಿ ಜೋಡಿಸಿಟ್ಟಿದ್ದರು. ನೇಯ್ದ ಸೀರೆಯ ದಾರಗಳನ್ನು ಬಿಚ್ಚಿ ಬಣ್ಣಬಣ್ಣದ ಉಂಡೆ ಸುತ್ತಿಟ್ಟ ಹಾಗೆ. ಚಿತ್ರ ಅಲ್ಲಿ ಮಕಾಡೆ ಮಲಗಿತು. ಕತ್ತರಿ ಹಿಡಿದವರೆಲ್ಲ ಸಂಕಲನಕಾರರಲ್ಲ ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? ಲಿಯೋನೆ ಮತ್ತೆ ಚಿತ್ರ ಮಾಡಲಿಲ್ಲ. 1989ರ ಏಪ್ರಿಲ್‌ನಲ್ಲಿ, ಅರವತ್ತನೇ ವಯಸ್ಸಿನಲ್ಲಿ ತೀರಿಕೊಂಡರು.

ತೆಗೆದುಹಾಕಿದ ತುಂಡುಗಳಿಗೂ ಕೆಲವೊಮ್ಮೆ ಆಯುಷ್ಯ ಗಟ್ಟಿಯಾಗಿರುತ್ತದೆ. ಇಟಲಿಯ ಬೊಲೊನ್ಯಾ ಪಟ್ಟಣದಲ್ಲಿ 'ಲಿಮ್ಮಾಜಿನೆ ರಿತ್ರೊವಾತಾ' ಎಂಬ ಪ್ರಯೋಗಾಲಯವಿದೆ. 'ಮರಳಿ ಸಿಕ್ಕ ಬಿಂಬ' ಎಂದು ಅದರ ಅರ್ಥ. ಹಳೆಯ ಚಿತ್ರಗಳನ್ನು ಒಂದೊಂದು ಚೌಕಟ್ಟಾಗಿ ತೊಳೆದು, ತೇಪೆ ಹಾಕಿ ಉಳಿಸುವ ಕೆಲಸ ಅಲ್ಲಿ ನಡೆಯುತ್ತದೆ. ಲಿಯೋನೆಯ ಆ ಚಿತ್ರಕ್ಕೆ, ಬಿಟ್ಟುಹೋಗಿದ್ದ ದೃಶ್ಯಗಳಲ್ಲಿ ಸಿಕ್ಕಷ್ಟನ್ನು ಸೇರಿಸಿ, 251 ನಿಮಿಷದ ಆವೃತ್ತಿಯನ್ನು 2012ರಲ್ಲಿ ಅಲ್ಲೇ ಸಿದ್ಧಪಡಿಸಿದರು. ಸೇರಿಸಿದ ತುಂಡುಗಳ ಬಣ್ಣ ಮಾಸಿದೆ, ಎಲ್ಲಿ ಹೊಲಿಗೆ ಹಾಕಿದ್ದಾರೆಂದು ಕಣ್ಣಿಗೆ ಕಾಣುತ್ತದೆ. ಕಾಣಲಿ. ಅದೇ ವರ್ಷ ಕಾನ್‌ನಲ್ಲಿ ಅದರ ಪ್ರದರ್ಶನವಾದಾಗ ಬರಾಲಿಗೆ ಎಂಬತ್ತಾರು ವರ್ಷ. ಮರುವರ್ಷ ಮೇ 29ರಂದು ರೋಮಿನಲ್ಲಿ ಅವರು ಕಣ್ಣುಮುಚ್ಚಿದರು.

'ಶೋಲೆ' ಚಿತ್ರಕ್ಕೂ ಮರುಹುಟ್ಟು ಸಿಕ್ಕಿದ್ದು ಅದೇ ಬೊಲೊನ್ಯಾದ ಪ್ರಯೋಗಾಲಯದಲ್ಲಿ. ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಸಿಪ್ಪಿ ಸಂಸ್ಥೆ ಸೇರಿ ಮಾಡಿಸಿದ ಕೆಲಸ. ಶಿಂಧೆಯವರು ಜೋಡಿಸಿದ್ದ ಮೂಲ ಅಂತ್ಯದಲ್ಲಿ ಠಾಕೂರ್ ಮೊಳೆ ಬಡಿದ ಬೂಟಿನಿಂದ ತುಳಿದು ಗಬ್ಬರನನ್ನು ಕೊಲ್ಲುತ್ತಾನೆ. 1975ರ ತುರ್ತುಪರಿಸ್ಥಿತಿಯ ಕಾಲದಲ್ಲಿ ಸೆನ್ಸಾರ್ ಮಂಡಳಿ ಅದಕ್ಕೆ ಒಪ್ಪದೆ, ಪೊಲೀಸರು ಬಂದು ತಡೆಯುವ ಅಂತ್ಯವನ್ನು ಹೊಸದಾಗಿ ಚಿತ್ರೀಕರಿಸಬೇಕಾಯಿತು. ನಿಮ್ಮ ಅಪ್ಪ ಮಿನರ್ವಾದಲ್ಲಿ ನೋಡಿದ್ದು ಆ ಎರಡನೆಯ ಅಂತ್ಯವನ್ನೇ. 2025ರ ಜೂನ್ ತಿಂಗಳಲ್ಲಿ ಬೊಲೊನ್ಯಾದ ಪಿಯಾತ್ಸಾ ಮಜ್ಜೋರೆ ಚೌಕದಲ್ಲಿ, ಬಯಲಿನಲ್ಲಿ ಕಟ್ಟಿದ ದೊಡ್ಡ ತೆರೆಯ ಮೇಲೆ, ರಾಮನಗರದ ಬಂಡೆಗಳ ನಡುವೆ ಠಾಕೂರ್ ಗಬ್ಬರನನ್ನು ಕೊನೆಯವರೆಗೂ ತುಳಿದ. ಶಿಂಧೆಯವರು ತೀರಿಕೊಂಡು ಆಗ ಹದಿಮೂರನೇ ವರ್ಷ ನಡೆಯುತ್ತಿತ್ತು.